ಮಂಚದ ಕೆಳಗಿನ ಬಾಟಲಿ

ಮೂರು ವರ್ಷದ ಹಿಂದಿನ ಮಾತು. ಶ್ರಾವಣದ ಎರಡನೇ ಶನಿವಾರ. ನಮ್ಮ ಯಜಮಾನರು ಆಗ ಜಾವಗಲ್ಲಿನ ಹೈಸ್ಕೂಲಿನಲ್ಲಿ ಗಣಿತದ ಮೇಷ್ಟ್ರು. ನಾನು ಅರಸೀಕೆರೆಯ ಸರ್ಕಾರಿ ಕಚೇರಿಯೊಂದರಲ್ಲಿ ಗುಮಾಸ್ತೆ. ಅರ್ಜಿ ತೆಗೆದುಕೊಳ್ಳುವ ಕಿಟಕಿಯ ಹಿಂದೆ ಕೂತು ಹತ್ತೊಂಬತ್ತು ವರ್ಷವಾಗಿತ್ತು. ಎದುರಿಗೆ ಯಾರೇ ನಿಂತು ಗೋಳು ಹೇಳಿಕೊಳ್ಳಲಿ, "ಬಾಯಲ್ಲಿ ಹೇಳಬೇಡಿ, ಬರೆದುಕೊಡಿ" ಎನ್ನುವುದು ನನ್ನ ನಾಲಿಗೆಗೆ ಅಂಟಿಹೋಗಿತ್ತು. "ಕಾಫಿ ಬೇಕಿದ್ರೂ ಅರ್ಜಿ ಕೊಡ್ಬೇಕೇನೇ?" ಎಂದು ನಮ್ಮವರು ರೇಗಿಸುತ್ತಿದ್ದರು.

ಅವತ್ತು ಇಬ್ಬರೂ ಮಾಲೇಕಲ್ಲು ಬೆಟ್ಟ ಹತ್ತಿ ದರ್ಶನ ಮುಗಿಸಿ ಇಳಿದು ಬಂದೆವು. ಸ್ಕೂಟರಿನಲ್ಲಿ ಸ್ವಲ್ಪ ದೂರ ಬಂದು, ದಾರಿ ಬದಿಯ ಮರದ ಕೆಳಗೆ ಕೂತು ಅವಲಕ್ಕಿ ಡಬ್ಬಿ ಬಿಚ್ಚಿದ್ದೆ ಅಷ್ಟೆ. ಮೇಲೆ ಹೆಜ್ಜೇನು ಕಟ್ಟಿರುವುದನ್ನು ನಾವು ನೋಡಿರಲಿಲ್ಲ. ಹದ್ದೋ ಕಾಗೆಯೋ ಕೆಣಕಿರಬೇಕು, ಒಮ್ಮೆಲೇ ಭೋರೆಂದು ಇಳಿದವು. ನಮ್ಮವರು ಹೆಗಲ ಮೇಲಿನ ಟವೆಲನ್ನು ನನ್ನ ತಲೆಗೆ ಸುತ್ತಿ ನನ್ನನ್ನು ನೆಲಕ್ಕೆ ಒತ್ತಿಬಿಟ್ಟರು. ನನಗೆ ಕಚ್ಚಿದ್ದು ನಾಲ್ಕು. ಅವರಿಗೆ ಎಷ್ಟೋ ಲೆಕ್ಕವಿಲ್ಲ.

ಯಾರೋ ಪುಣ್ಯಾತ್ಮರು ಆಟೋ ನಿಲ್ಲಿಸಿ ನಮ್ಮನ್ನು ಅರಸೀಕೆರೆಯ ಒಂದು ಖಾಸಗಿ ಆಸ್ಪತ್ರೆಗೆ ತಲುಪಿಸಿದರು. ಅಷ್ಟರಲ್ಲಿ ಅವರ ಮುಖ ಗುರುತು ಸಿಗದಷ್ಟು ಊದಿತ್ತು, ಉಸಿರು ಎಳೆದರೆ ಸೀಟಿಯಂತೆ ಸದ್ದು ಬರುತ್ತಿತ್ತು. ಡ್ಯೂಟಿಯಲ್ಲಿದ್ದವಳು ಒಬ್ಬ ಡಾಕ್ಟರಮ್ಮ, ವಯಸ್ಸು ಇಪ್ಪತ್ತೇಳೋ ಇಪ್ಪತ್ತೆಂಟೋ ಇರಬೇಕು. ಇಂಜೆಕ್ಷನ್ ಮೇಲೆ ಇಂಜೆಕ್ಷನ್ ಕೊಟ್ಟಳು. ಆಮೇಲೆ ನನ್ನ ಕಡೆ ತಿರುಗಿ, "ಗಂಟಲು ಒಳಗೂ ಊದ್ಕೊಳ್ತಿದೆ ಅಮ್ಮಾ. ಪೂರ್ತಿ ಮುಚ್ಕೊಳ್ಳೋ ಮೊದ್ಲು ಬಾಯಿಂದ ಶ್ವಾಸನಾಳಕ್ಕೆ ಟ್ಯೂಬ್ ಹಾಕ್ಬೇಕು. ಸೈನ್ ಮಾಡಿ" ಎಂದಳು. ಯಾವ ಕಾಗದವನ್ನೂ ಓದದೆ ಸಹಿ ಹಾಕುವವಳಲ್ಲ ನಾನು. ಅವತ್ತು ಹಾಕಿದೆ.

ಒಂದೂವರೆ ಗಂಟೆ ಕಳೆದು ಆಕೆ ಹೊರಗೆ ಬಂದಳು. ಅಷ್ಟರಲ್ಲಿ ಬೇಲೂರಿನಿಂದ ನನ್ನ ಮೈದುನ ಶ್ರೀಕಂಠನೂ ಬಂದಿದ್ದ. ಆಕೆ ಕುರ್ಚಿ ಎಳೆದುಕೊಂಡು ನನ್ನೆದುರಿಗೇ ಕೂತಳು.

"ಟ್ಯೂಬ್ ಹಾಕಿದ್ದೀವಿ, ಉಸಿರಾಟ ಮಿಷಿನ್‌ನಲ್ಲಿ ನಡೀತಿದೆ. ಆದ್ರೆ ಒಂದು ವಿಷಯ ನಾನೇ ಹೇಳ್ಬೇಕು ಅಮ್ಮಾ. ಊತದಲ್ಲಿ ದಾರಿ ಕಾಣದೆ, ಟ್ಯೂಬ್ ಇರಬೇಕಾದ್ದಕ್ಕಿಂತ ಆಳಕ್ಕೆ ಹೋಯ್ತು. ಎರಡು ಕಡೆಗೂ ಹಂಚಿಹೋಗ್ಬೇಕಾದ ಗಾಳಿಯೆಲ್ಲ ಬಲಗಡೆ ಶ್ವಾಸಕೋಶಕ್ಕೇ ನುಗ್ಗಿ ಅದು ಒಂದು ಕಡೆ ಒಡೀತು. ಗಾಳಿ ಹೊರಗೆ ಸೋರಿ ಎದೆಗೂಡಿನೊಳಗೆ ತುಂಬ್ಕೊಂಡು, ಶ್ವಾಸಕೋಶ ಕುಸಿದಿದೆ. ಟ್ಯೂಬನ್ನ ಸರಿಯಾದ ಜಾಗಕ್ಕೆ ಎಳೆದಿದ್ದೀನಿ. ಪಕ್ಕೇಲಿ ಇನ್ನೊಂದು ನಳಿಕೆ ಹಾಕಿ ಆ ಗಾಳಿ ಹೊರಗೆ ಬಿಡ್ತಿದ್ದೀವಿ."

"ಅಂದ್ರೆ ನಿಮ್ಮ ಕೈಯಿಂದ ಆಗಿದ್ದು," ಎಂದೆ.

"ಹೌದು. ಇಂಥ ಗಂಟಲಲ್ಲಿ ಹೀಗಾಗೋದುಂಟು. ಆದ್ರೆ ಹಾಕಿದ್ದು ನನ್ನ ಕೈಯೇ."

"ಬರೆದುಕೊಡಿ."

"ಕೇಸ್ ಶೀಟ್‌ನಲ್ಲಿ ಬರೆದಿದ್ದೀನಿ. ಓದಬಹುದು."

ಅವಳ ತಣ್ಣನೆಯ ದನಿ ಕೇಳಿ ನನ್ನ ಮೈ ಉರಿದುಹೋಯಿತು. ಅತ್ತಿದ್ದರೆ, ಕೈ ಮುಗಿದಿದ್ದರೆ ಸಮಾಧಾನವಾಗುತ್ತಿತ್ತೋ ಏನೋ. "ಪಾಠ ಕಲಿಯೋಕೆ ನನ್ನ ಗಂಡನೇ ಬೇಕಾಗಿತ್ತಾ ನಿನಗೆ?" ಎಂದು ಏಕವಚನದಲ್ಲೇ ಕೂಗಾಡಿದೆ. ವರಾಂಡದಲ್ಲಿದ್ದವರೆಲ್ಲ ತಿರುಗಿ ನೋಡಿದರು. ಅವಳು ತಲೆ ತಗ್ಗಿಸಿ ಕೇಳಿಸಿಕೊಂಡು, ನಾನು ನಿಲ್ಲಿಸಿದ ಮೇಲೆ ಎದ್ದು ಒಳಗೆ ಹೋದಳು.

"ಇದನ್ನ ಸುಮ್ಕೆ ಬಿಡಬಾರದು ಕಣತ್ತಿಗೆ," ಎಂದ ಶ್ರೀಕಂಠ. "ಅಣ್ಣಂಗೆ ಏನಾರ ಆದ್ರೆ ಯಾರು ಜವಾಬ್ದಾರಿ? ಕಂಪ್ಲೇಂಟ್ ಕೊಡ್ಲೇಬೇಕು."

ನನಗೆ ಹೇಳಿಕೊಡಬೇಕೆ! ಆ ಸಂಜೆಯೇ ವರಾಂಡದ ಬೆಂಚಿನ ಮೇಲೆ ಕೂತು ಎರಡು ಪುಟ ಬರೆದೆ. ವಿಷಯ, ಉಲ್ಲೇಖ, ಮಾನ್ಯರೇ, ಎಲ್ಲವೂ ಕ್ರಮವಾಗಿ. ನಿಜ ಹೇಳಬೇಕೆಂದರೆ, ಬರೆಯುತ್ತಿರುವಷ್ಟು ಹೊತ್ತು ಅವರು ಸತ್ತುಹೋದರೆ ಏನು ಗತಿ ಎಂಬ ಯೋಚನೆಯಿಂದ ತಪ್ಪಿಸಿಕೊಂಡಿದ್ದೆ.

ಮಾರನೆಯ ದಿನ ಬೆಳಿಗ್ಗೆ ಹತ್ತು ನಿಮಿಷ ಅವರ ಹತ್ತಿರ ಕೂರಲು ಬಿಟ್ಟರು. ನಿದ್ದೆಯ ಔಷಧ ಕೊಟ್ಟಿದ್ದರು, ಕಣ್ಣು ತೆರೆಯಲಿಲ್ಲ. ಬಲ ಪಕ್ಕೆಯಿಂದ ಒಂದು ಉದ್ದನೆಯ ನಳಿಕೆ ಹೊರಟು ನೆಲದ ಮೇಲಿದ್ದ ಬಾಟಲಿಯೊಳಕ್ಕೆ ಇಳಿದಿತ್ತು. ಬಾಟಲಿಯಲ್ಲಿ ನೀರು. ಅವರ ಎದೆ ಏರಿದಾಗೆಲ್ಲ ಆ ನೀರಿನಲ್ಲಿ ಬುಳಬುಳ ಗುಳ್ಳೆ ಏಳುತ್ತಿತ್ತು. ಅದು ಅವರ ಉಸಿರು ಎಂದು ನನಗೆ ಗೊತ್ತಾಯಿತು.

ಅಷ್ಟರಲ್ಲಿ ಆಯಾ ನೆಲ ಒರೆಸುತ್ತ ಬಂದಳು. ಕೊಳೆ ನೀರಿನ ಬಕೆಟ್ಟು ಆ ಬಾಟಲಿಯ ಪಕ್ಕಕ್ಕೇ ಬಂತು. ನಮ್ಮ ಮನೆಯಲ್ಲಿ ಪುಸ್ತಕಕ್ಕೆ ಕಾಲು ತಾಗಿದರೆ ಕಣ್ಣಿಗೊತ್ತಿಕೊಳ್ಳುತ್ತೇವೆ, ಅಕ್ಕಿಯ ಕಾಳು ತುಳಿದರೆ ಅಯ್ಯೋ ಎನ್ನುತ್ತೇವೆ. ನನ್ನ ಗಂಡನ ಉಸಿರೇ ಹೀಗೆ ಕಂಡವರ ಕಾಲ ಬಳಿ ಬಿದ್ದಿರುವುದೇ? ನಾನು ಬಗ್ಗಿ ಬಾಟಲಿಯನ್ನು ಎತ್ತಿಕೊಂಡೆ. ಅವರ ತಲೆಯ ಪಕ್ಕದಲ್ಲಿ ಎತ್ತರದ ಸ್ಟ್ಯಾಂಡೊಂದಿತ್ತು. ಅದನ್ನು ಸೆರಗಿನಿಂದ ಒರೆಸಿ, ಮೇಲೆ ಜೋಪಾನವಾಗಿ ಇಟ್ಟು, ದೇವರೇ ಎಂದು ಕೈ ಮುಗಿದೆ.

"ಕೆಳಗೆ! ಅಮ್ಮಾ, ಕೆಳಗಿಡಿ!"

ಡಾಕ್ಟರಮ್ಮ ಆಚೆ ಮಂಚದಿಂದ ಓಡಿಬಂದಳು. ಒಂದು ಕೈಯಲ್ಲಿ ನಳಿಕೆಯನ್ನು ಅಮುಕಿ ಹಿಡಿದು ಇನ್ನೊಂದರಲ್ಲಿ ಬಾಟಲಿಯನ್ನು ಕಿತ್ತುಕೊಂಡು, ಅದರ ಜೊತೆಗೇ ನೆಲದ ಮೇಲೆ ಕೂತುಬಿಟ್ಟಳು. ಆಗ ನಾನು ನಳಿಕೆಯನ್ನು ನೋಡಿದೆ. ಬಾಟಲಿಯ ನೀರು ಅದರೊಳಗೆ ಹರಿದು ಅವರ ಪಕ್ಕೆಯ ಕಡೆಗೆ ಹೊರಟಿತ್ತು. ಸೇರಲು ಇನ್ನೊಂದು ಗೇಣು ಉಳಿದಿತ್ತು.

ನೀರು ಹಿಂದಕ್ಕಿಳಿದು ಮತ್ತೆ ಗುಳ್ಳೆ ಏಳುವವರೆಗೂ ಅವಳು ನೆಲದಿಂದ ಏಳಲಿಲ್ಲ. ಆಮೇಲೆ ಎದ್ದು ಸ್ಟೆತಾಸ್ಕೋಪಿಟ್ಟು ಎದೆಯ ಎರಡೂ ಕಡೆ ಬಹಳ ಹೊತ್ತು ಕೇಳಿಸಿಕೊಂಡಳು, ಎಕ್ಸ್‌ರೇಗೆ ಹೇಳಿಕಳಿಸಿದಳು.

ಬೈಯಲಿ ಎಂದು ಕಾದೆ. ನಾನು ಬೈದದ್ದರಲ್ಲಿ ಕಾಲುಭಾಗ ಬೈದಿದ್ದರೂ ನ್ಯಾಯವೇ ಆಗುತ್ತಿತ್ತು.

"ಏನೂ ಆಗಿಲ್ಲ ಅಮ್ಮಾ. ಇದು ಯಾವಾಗ್ಲೂ ಎದೆಗಿಂತ ಕೆಳಗೇ ಇರ್ಬೇಕು. ಮೇಲಿಟ್ರೆ ನೀರು ವಾಪಸ್ ಒಳಗೆ ಹೋಗುತ್ತೆ. ಇದನ್ನ ನಿಮಗೆ ಮೊದ್ಲೇ ಹೇಳ್ಬೇಕಾಗಿತ್ತು, ನಾವು ಹೇಳ್ಲಿಲ್ಲ."

"ಕಾಲು ತಾಗುತ್ತೆ ಅಂತ ಎತ್ತಿಟ್ಟೆ ಕಣಮ್ಮಾ," ಎನ್ನುವಷ್ಟರಲ್ಲಿ ನನಗೆ ಅಳು ಬಂದುಬಿಟ್ಟಿತು.

ಅವಳು ಕೇಸ್ ಶೀಟ್ ತೆಗೆದು ಬರೆಯತೊಡಗಿದಳು. "ನನ್ನ ಹೆಸರು ಬರೀತೀರಾ?" ಎಂದು ಕೇಳಿದೆ.

"ಬಾಟಲಿ ಸ್ವಲ್ಪ ಹೊತ್ತು ಮೇಲಿತ್ತು ಅಂತ ಬರೀಲೇಬೇಕು, ಮುಂದೆ ನೋಡೋ ಡಾಕ್ಟರಿಗೆ ಬೇಕಾಗುತ್ತೆ. ಯಾರು ಎತ್ತಿಟ್ರು ಅನ್ನೋದು ಅವರಿಗೆ ಯಾಕಮ್ಮಾ?"

ನಿನ್ನೆಯದರಲ್ಲಿ ತನ್ನ ಹೆಸರನ್ನು ಅವಳು ಬಿಟ್ಟಿರಲಿಲ್ಲ. ಅದನ್ನು ನಾನೇ ಕಣ್ಣಾರೆ ಓದಿದ್ದೆ.

ವರಾಂಡಕ್ಕೆ ಬಂದು ಬ್ಯಾಗಿನಲ್ಲಿದ್ದ ದೂರನ್ನು ತೆಗೆದು ಓದಿದೆ. "ಅಜಾಗರೂಕತೆಯಿಂದ" ಎನ್ನುವ ಪದ ಮೂರು ಕಡೆ ಇತ್ತು. ಮೂರೂ ಕಡೆ ಅವಳ ಬದಲು ನನ್ನನ್ನು ಇಟ್ಟು ಓದಿದೆ, ಎಲ್ಲೂ ಎಡವಲಿಲ್ಲ. ತನ್ನ ಎಲೆಯಲ್ಲಿ ಹೆಗ್ಗಣ ಬಿದ್ದಿದ್ದರೂ ಪಕ್ಕದ ಎಲೆಯ ನೊಣ ತೋರಿಸುವವರನ್ನು ಕಿಟಕಿಯ ಆಚೆ ಎಷ್ಟೋ ನೋಡಿದ್ದೆ. ಈಚೆ ಕೂತವಳನ್ನು ನೋಡಿರಲಿಲ್ಲ.

"ಕೊಟ್ರಾ ಅತ್ತಿಗೆ?" ಎಂದು ಶ್ರೀಕಂಠ ಕಾಫಿ ಹಿಡಿದುಕೊಂಡು ಬಂದ. ನಡೆದದ್ದೆಲ್ಲ ಹೇಳಿದೆ. ಕಾಫಿ ಕುಡಿಯುವುದನ್ನೂ ಮರೆತು ಕೇಳಿದ. ಕೊನೆಗೆ, "ಹಂಗಾರೆ ಅಣ್ಣನ್ನ ನಮ್ಮಿಂದ್ಲೂ ಕಾಪಾಡೋ ಕೆಲ್ಸ ಆ ಯಮ್ಮಂದೇ ಆಯ್ತಲ್ಲ," ಎಂದ. ಆ ಸ್ಥಿತಿಯಲ್ಲೂ ನನಗೆ ನಗು ಬಂತು. ಎರಡು ಹಾಳೆಯನ್ನೂ ಹರಿದು ಕಸದ ಬುಟ್ಟಿಗೆ ಹಾಕಿದೆ.

ಮೂರನೆಯ ದಿನ ಮಧ್ಯಾಹ್ನ ಊತ ಇಳಿದಿತ್ತು. ಬಾಯಿಯ ಟ್ಯೂಬನ್ನು ತೆಗೆಯುವಾಗ ನನ್ನನ್ನು ಹೊರಗೆ ನಿಲ್ಲಿಸಿದ್ದರು. ತೆಗೆದಾದ ಮೇಲೆ ಅವಳೇ ಬಂದು ಕರೆದಳು. ನಮ್ಮವರು ದಿಂಬಿಗೊರಗಿ ಕೆಮ್ಮುತ್ತಿದ್ದರು. ನನ್ನನ್ನು ನೋಡಿದರು, ಕಣ್ಣಂಚಿನಲ್ಲಿ ನೀರು. ಅವಳು ಬಗ್ಗಿ, "ಸರ್, ಒಂದು ಮಾತಾಡಿ. ನಿಮ್ಮ ದನಿ ಕೇಳ್ಬೇಕು ನಾನು. ನಿಮ್ಮ ಹೆಸರು ಹೇಳಿ," ಎಂದಳು.

ಅವರು ಹೆಸರು ಹೇಳಲಿಲ್ಲ. ಆ ಹುಡುಗಿಯ ಬಾಡಿದ ಮುಖವನ್ನೂ ಕೆದರಿದ ಕೂದಲನ್ನೂ ಸ್ವಲ್ಪ ಹೊತ್ತು ನೋಡಿದರು. ತರಗತಿಗೆ ಹಸಿದು ಬಂದ ಮಕ್ಕಳನ್ನು ಕೇಳಿ ಕೇಳಿ ರೂಢಿಯಾದವರು. ಗೊಗ್ಗರು ದನಿಯಲ್ಲಿ, "ಊಟ ಆಯ್ತೇನಮ್ಮಾ?" ಎಂದರು.

ಅವಳು "ಇಲ್ಲ ಸರ್" ಎಂದವಳೇ ಮುಖ ಮುಚ್ಚಿಕೊಂಡು ಅತ್ತುಬಿಟ್ಟಳು.

ಎದೆಯ ನಳಿಕೆ ತೆಗೆಯಲು ಇನ್ನೂ ನಾಲ್ಕು ದಿನ ಹಿಡಿಯಿತು. ಈಗ ಅವರು ಆರಾಮವಾಗಿದ್ದಾರೆ, ಬೆಟ್ಟವನ್ನೂ ಹತ್ತುತ್ತಾರೆ. ಆವತ್ತು ಅವಳು ಬಾಯಿ ಮುಚ್ಚಿಕೊಂಡಿದ್ದರೆ, ಕುಸಿದ ಶ್ವಾಸಕೋಶವೂ ಜೇನಿನ ವಿಷದ್ದೇ ಎಂದು ನಾವು ನಂಬಿಬಿಡುತ್ತಿದ್ದೆವು. ಅದನ್ನು ನೆನೆದಾಗಲೆಲ್ಲ ಮನಸ್ಸಿನಲ್ಲೇ ಅವಳಿಗೆ ಕೈ ಮುಗಿಯುತ್ತೇನೆ. ಆದರೆ ನನ್ನನ್ನು ಚುಚ್ಚುವುದು ಬೇರೆ. ಮೂರು ದಿನ ಆ ಹುಡುಗಿಯನ್ನು ನಿಲ್ಲಿಸಿಕೊಂಡು ಏನೇನೋ ಪ್ರಶ್ನೆ ಕೇಳಿದ್ದೆ. ಉಸಿರು ಮರಳಿದ ಕೂಡಲೇ ಅವರು ಕೇಳಿದ್ದನ್ನು ನಾನು ಒಂದು ಸಲವೂ ಕೇಳಿರಲಿಲ್ಲ.