ಬೀದಿಯಿಲ್ಲದ ಊರಿನ ಬೀದಿ ಊಟ

ಹ್ಯೂಸ್ಟನ್ನಿನಲ್ಲಿ ಬೀದಿ ಎಂಬುದಿಲ್ಲ. ರಸ್ತೆಗಳಿವೆ. ಅವುಗಳ ಅಂಚಿನಲ್ಲಿ ನಡೆದು ಹೋಗುವವನನ್ನು ಕಂಡರೆ ಕಾರು ಕೆಟ್ಟಿರಬೇಕು, ಇಲ್ಲವೇ ತಲೆ ಕೆಟ್ಟಿರಬೇಕು ಎಂದುಕೊಳ್ಳುತ್ತಾರೆ. ಅಂಥ ಊರಿನಲ್ಲಿ ನನ್ನ ಹಳೆಯ ರೂಮ್‌ಮೇಟ್ ‘ವಿಯೆಟ್ನಾಂ ಬೀದಿ ಊಟದ ನಡಿಗೆ’ ಎಂಬುದನ್ನು ಶುರು ಮಾಡಿದ. ಅದೂ ಶುದ್ಧ ಸಸ್ಯಾಹಾರಿ, ವಿವರಣೆ ಕನ್ನಡದಲ್ಲಿ. ನಡಿಗೆ ಎಂದರೆ ಒಂದು ಪಾರ್ಕಿಂಗ್ ಲಾಟಿನ ಈ ತುದಿಯಿಂದ ಆ ತುದಿಗೆ ಹೋಗುವುದು. ಆಮೇಲೆ ಎಲ್ಲರೂ ತಂತಮ್ಮ ಕಾರು ಹತ್ತಿ, ಎ.ಸಿ. ಜೋರು ಮಾಡಿಕೊಂಡು, ರಸ್ತೆಯಾಚೆಗಿನ ಇನ್ನೊಂದು ಪಾರ್ಕಿಂಗ್ ಲಾಟಿಗೆ ಹೋಗಿ ಅಲ್ಲಿ ಮತ್ತೆ ನಡೆಯುವುದು.

ಅವನು ಹುಬ್ಬಳ್ಳಿಯವನು. ಡಲ್ಲಾಸ್ ಪಕ್ಕದ ರಿಚರ್ಡ್‌ಸನ್‌ನಲ್ಲಿ ಓದುವಾಗ ನಾವಿಬ್ಬರೂ ಒಂದೇ ಅಪಾರ್ಟ್‌ಮೆಂಟಿನಲ್ಲಿ, ಒಂದೇ ಕುಕ್ಕರಿನಲ್ಲಿ ಬದುಕಿದವರು. ಓದು ಮುಗಿದ ಮೇಲೆ ನಾನು ಆಸ್ಟಿನ್ ಕಡೆ ಬಂದೆ, ಅವನು ಹ್ಯೂಸ್ಟನ್ನಿಗೆ ಹೋದ. ಮದುವೆಯಾಗಲಿಲ್ಲ. ಆಗದವನ ಜೀವನದ ಬಗ್ಗೆ ತೀರ್ಮಾನ ಕೊಡುವ ಹಕ್ಕು ನಮ್ಮಲ್ಲಿ ಹತ್ತಿರದ ನೆಂಟರಿಗೆ ತಾನಾಗಿಯೇ ಸೇರುತ್ತದೆ. ಅವನ ಪಾಲಿಗೆ ಅದು ಡಲ್ಲಾಸ್ ಕಡೆಯ ಫ್ಲವರ್ ಮೌಂಡ್‌ನಲ್ಲಿರುವ ಅಕ್ಕನ ಮನೆ. ಅಕ್ಕನ ಗಂಡನನ್ನು ಅವನು ಮಾಮಾ ಎನ್ನುತ್ತಾನೆ. ಮಾಮಾ ಜನರ ತೆರಿಗೆ ಲೆಕ್ಕ ಸಲ್ಲಿಸಿಕೊಡುವ ಆಫೀಸು ಇಟ್ಟುಕೊಂಡಿದ್ದಾರೆ.

ಗೆಳೆಯನ ಕೆಲಸ ಹೋದಾಗ ಆ ಆಫೀಸಿನಲ್ಲಿ ಅವನಿಗೊಂದು ಕುರ್ಚಿ, ಆ ಮನೆಯ ಮಹಡಿಯಲ್ಲಿ ಒಂದು ಕೋಣೆ ಸಿದ್ಧವಾಗಿದ್ದವು. ಹಿಂದೊಮ್ಮೆ ಕೆಲಸ ಹೋದಾಗಲೂ ಅವನು ಆ ಕೋಣೆಯಲ್ಲಿದ್ದ. ಅಲ್ಲಿ ಲೈಟು ಆರಿಸುವುದಕ್ಕೂ ಒಂದು ಪಾಠ, ಬಚ್ಚಲಲ್ಲಿ ನೀರು ಬಿಡುವುದಕ್ಕೂ ಒಂದು ಪಾಠ ಇತ್ತಂತೆ. ಎರಡನೆಯ ಸಲ ಹೋದರೆ ಹೊರಗೆ ಬರುವುದಿಲ್ಲ ಎಂದು ಅವನಿಗೆ ಗೊತ್ತಿತ್ತು. ಅದಕ್ಕೇ ಈ ನಡಿಗೆ ಶುರು ಮಾಡಿ, ಅಕ್ಕನ ಹತ್ತಿರ ಒಂದು ಮಾತು ಪಡೆದುಕೊಂಡಿದ್ದ. ಮಾಮಾ ಬಂದು ಒಂದು ನಡಿಗೆ ನೋಡಲಿ. ಚೆನ್ನಾಗಿದೆ ಎಂದರೆ ತನ್ನನ್ನು ತನ್ನ ಪಾಡಿಗೆ ಬಿಡಬೇಕು. ಇಲ್ಲದಿದ್ದರೆ ಬಾಯಿ ಮುಚ್ಚಿಕೊಂಡು ಫ್ಲವರ್ ಮೌಂಡ್ ಸೇರುವುದು.

“ನೀ ಬರಬೇಕಪಾ ದೋಸ್ತ. ನೀ ಇದ್ರ ನನಗ ಧೈರ್ಯ” ಎಂದು ಫೋನಿನಲ್ಲಿ ಹೇಳಿದ.

ನಾನು ಯಾರಿಗೂ ಧೈರ್ಯ ಕೊಡುವ ಜಾತಿಯವನಲ್ಲ. ವಿಶ್ವವಿದ್ಯಾಲಯ ನನಗೆ ಕಲಿಸಿದ್ದು ಒಂದೇ: ಯಾರು ಏನೇ ಹೇಳಲಿ, ಆಧಾರವೇನು ಎಂದು ಕೇಳುವುದು. ಈ ಅಭ್ಯಾಸದಿಂದ ಕಳೆದುಕೊಂಡ ಸ್ನೇಹಿತರು ಹಲವರು. ಈಚೆಗೆ ಅದು ನನ್ನ ಮೇಲೆಯೇ ತಿರುಗಿಬಿದ್ದಿದೆ. ಆ ಫೋನ್ ಬಂದಾಗ ನಾನು ಗ್ಯಾರೇಜಿನಲ್ಲಿದ್ದೆ ಎಂದು ನನಗೆ ನೆನಪು. ಊಟಕ್ಕೆ ಕೂತಿದ್ದಿರಿ, ತಟ್ಟೆ ಬಿಟ್ಟು ಎದ್ದಿರಿ ಎಂದು ಹೆಂಡತಿ ಹೇಳುತ್ತಾಳೆ. ಆದ್ದರಿಂದ ಇಲ್ಲಿ ಬರೆಯುತ್ತಿರುವುದನ್ನೂ ಓದುವವರು ಅಷ್ಟರಲ್ಲೇ ಇಡಬೇಕು.

ಆಸ್ಟಿನ್ ಪಕ್ಕದ ನಮ್ಮ ಫ್ಲೂಗರ್‌ವಿಲ್‌ನಿಂದ ಬೆಳಿಗ್ಗೆಯೇ ಹೊರಟು ನಾನೂ ಹೆಂಡತಿಯೂ ಹ್ಯೂಸ್ಟನ್ ತಲುಪಿದಾಗ ಡಾಂಬರು ಕಾದು ಮೆತ್ತಗಾಗಿತ್ತು. ನಡಿಗೆಗೆ ಬಂದವರಲ್ಲಿ ಹೆಚ್ಚಿನವರು ಅಲ್ಲಿನ ಕನ್ನಡ ಕೂಟದವರು. ಅವರನ್ನೆಲ್ಲ ಕೂಡಿಸಿಕೊಂಡು ಬಂದವರು ಮೈಸೂರಿನ ಒಬ್ಬ ಆಂಟಿ. ಕಾಲಿಗೆ ಹೊಸ ವಾಕಿಂಗ್ ಶೂ, ತಲೆಗೆ ಅಗಲ ಹ್ಯಾಟು, ಕೈಯಲ್ಲಿ ಪುಟ್ಟ ಬ್ಯಾಟರಿ ಫ್ಯಾನು. ಇಳಿದ ಕೂಡಲೇ ಅವರು ಹೇಳಿದ್ದು, ಹೇಗಿರುತ್ತೋ ಏನೋ ಅಂತ ಎಲ್ಲರೂ ಮನೆಯಲ್ಲೇ ತಿಂದುಕೊಂಡು ಬಂದಿದ್ದೇವೆ ಎಂದು. ಮದುವೆ ಮನೆಗೆ ಉಂಡು ಹೋಗುವವರನ್ನು ನೋಡಿದ್ದೇನೆ. ಊಟವನ್ನೇ ನೋಡುವುದಕ್ಕೆ ಉಂಡು ಬಂದವರನ್ನು ನೋಡಿದ್ದು ಅದೇ ಮೊದಲು.

ಮಾಮಾ ಹಿಂದಿನ ಸಂಜೆಯೇ ಬಂದಿದ್ದರು. ಇಸ್ತ್ರಿಯ ಅರ್ಧ ತೋಳಿನ ಶರ್ಟು, ಜೇಬಿನಲ್ಲಿ ಪೆನ್ನು.

ಗೆಳೆಯ ತಯಾರಿ ಮಾಡಿರಲಿಲ್ಲ ಎನ್ನುವಂತಿಲ್ಲ. ವಿಯೆಟ್ನಾಮಿನ ಬೌದ್ಧರಲ್ಲಿ ಮಾಂಸ ಮೀನು ಮುಟ್ಟದೆ ಮಾಡುವ ಅಡುಗೆ ಬಹಳ ಹಳೆಯದು. ಅಂಥ ಅಂಗಡಿಗಳನ್ನೇ ಹುಡುಕಿ, ಮೀನಿನ ರಸ ಸೋಕದ ಪಾತ್ರೆಗಳನ್ನು ಬೇರೆ ಇಡಿಸಿ, ಎಲ್ಲವನ್ನೂ ಮೊದಲೇ ತಿಂದು ನೋಡಿದ್ದ. ಆದರೆ ನಮ್ಮವರ ಮುಂದೆ ಇದೆಲ್ಲ ಎಷ್ಟರ ಮಾತು. ಮೊದಲನೆಯ ಅಂಗಡಿಯಲ್ಲಿ ನಿಂಬೆಹುಲ್ಲಿನಲ್ಲಿ ಹುರಿದ ತೋಫು ಎಂಬ ಸೋಯಾ ಪನೀರು ತುಂಬಿದ ಬ್ರೆಡ್ಡನ್ನು ಒಬ್ಬರು ಬಿಡಿಸಿ ಒಳಗೆ ನೋಡಿದರು, ಇನ್ನೊಬ್ಬರು ಮೂಸಿದರು, ಮತ್ತೊಬ್ಬರು ಫೋಟೋ ತೆಗೆದು ಗಂಡನ ಕೈಗೆ ಕೊಟ್ಟರು. ಎರಡನೆಯ ಅಂಗಡಿಯಲ್ಲಿ ಒಬ್ಬ ಹೆಂಗಸು ಕುದಿಯುವ ಪಾತ್ರೆಯ ಬಾಯಿಗೆ ಬಟ್ಟೆ ಬಿಗಿದು, ಅದರ ಮೇಲೆ ಅಕ್ಕಿ ಹಿಟ್ಟು ಸವರಿ, ಆವಿಯಲ್ಲಿ ಬೆಂದ ತೆಳು ಹಾಳೆಯನ್ನು ಬಿದಿರುಕಡ್ಡಿಯಿಂದ ಎತ್ತುತ್ತಿದ್ದಳು. ಅಷ್ಟು ನಾಜೂಕಿನ ಕೆಲಸವನ್ನು ನಾನು ಎಲ್ಲೂ ಕಂಡಿರಲಿಲ್ಲ.

“ಅಯ್ಯೋ, ಇದು ನಮ್ ನೀರ್ ದೋಸೆ ತರಾನೇ” ಎಂದರು ಆಂಟಿ.

ಅಲ್ಲಿಂದ ಶುರುವಾಯಿತು. ಅಕ್ಕಿಯ ಶಾವಿಗೆ ನಮ್ಮ ಒತ್ತು ಶಾವಿಗೆಯಾಯಿತು, ಹನಿ ಹನಿಯಾಗಿ ಇಳಿಯುವ ಕಾಫಿ ನಮ್ಮ ಫಿಲ್ಟರ್ ಕಾಫಿಯಾಯಿತು, ಕಬ್ಬಿನ ಹಾಲು ಹೇಗೂ ನಮ್ಮದೇ. ಪ್ರಪಂಚದ ಯಾವ ಮೂಲೆಗೆ ಕರೆದುಕೊಂಡು ಹೋದರೂ ನಮ್ಮವರು ತಮ್ಮ ಅಡುಗೆಮನೆಯ ಬಾಗಿಲನ್ನೇ ತಡಕುತ್ತಾರೆ. ಸಿಕ್ಕಿದ ಮೇಲೆ, ನಮ್ಮಷ್ಟು ಚೆನ್ನಾಗಿಲ್ಲ ಎಂದು ತೀರ್ಪು ಕೊಟ್ಟು ಬಾಗಿಲು ಹಾಕಿಕೊಳ್ಳುತ್ತಾರೆ. ಮಾಮಾ ಮಾತ್ರ ಕೊಟ್ಟಿದ್ದೆಲ್ಲವನ್ನೂ ತಿಂದು, ಕೈ ಒರೆಸಿಕೊಂಡು, ಪ್ರತಿ ಅಂಗಡಿಯವರನ್ನೂ ಬಾಡಿಗೆ ಎಷ್ಟು, ಯಾವ ದಿನ ಗಿರಾಕಿ ಕಡಿಮೆ ಎಂದು ಇಂಗ್ಲಿಷಿನಲ್ಲಿ ವಿಚಾರಿಸುತ್ತಿದ್ದರು. ಇಂಥ ಒರಟುತನವನ್ನು ಮನೆಯಲ್ಲಿಟ್ಟುಕೊಂಡು ಹೇಗೆ ಬಾಳುತ್ತಾರೋ ಎಂದು ನಾನು ಅವರ ಹೆಂಡತಿಗಾಗಿ ಮರುಗಿದೆ.

ಎರಡನೆಯ ಪಾರ್ಕಿಂಗ್ ಲಾಟಿನಲ್ಲಿ ಅನಾಹುತವಾಯಿತು. ಆಂಟಿ ತಮ್ಮ ಕಾರಿನ ಹಿಂಬದಿ ತೆರೆದರು. ಒಳಗೆ ದೊಡ್ಡ ಡಬ್ಬಿಯಲ್ಲಿ ಪುಳಿಯೋಗರೆ, ಜೊತೆಗೆ ಕಾಗದದ ತಟ್ಟೆ, ಸ್ಪೂನು, ಒಂದು ಚೀಲ ಚಿಪ್ಸು. “ಒಂಚೂರು ತಂದಿದೀನಿ ಅಷ್ಟೆ. ಯಾರಿಗಾದ್ರೂ ಹಸಿವಾದ್ರೆ” ಎಂದರು. ಮನೆಯಲ್ಲಿ ಉಂಡು ಬಂದು, ಎರಡು ಅಂಗಡಿ ದಾಟಿದ ಜನಕ್ಕೆ ಆ ಕ್ಷಣ ಹಸಿವಾಯಿತು. ಎಲ್ಲರೂ ಡಿಕ್ಕಿಯ ಸುತ್ತ ಮುತ್ತಿಕೊಂಡರು. ಮೂರನೆಯ ಅಂಗಡಿಯ ಗಾಜಿನ ಆಚೆ ಬಿಸಿ ತೋಫುವಿಗೆ ಶುಂಠಿ ಪಾಕ ಹಾಕಿದ ಬಟ್ಟಲುಗಳು ಸಾಲಾಗಿ ಆರುತ್ತಿದ್ದವು. ಗೆಳೆಯ ಬಾಗಿಲು ಹಿಡಿದುಕೊಂಡು ನಿಂತಿದ್ದ. ಒಳಗೂ ಹೋಗಲಿಲ್ಲ, ಹೊರಗೂ ಬರಲಿಲ್ಲ. ನನ್ನ ಹೆಂಡತಿ ಒಳಗೆ ಹೋಗಿ ಎರಡು ಬಟ್ಟಲು ತಿಂದಳು. ನಾನು ಏನು ತಿಂದೆ ಎಂದು ಕೇಳಬೇಡಿ, ನೆನಪಿಲ್ಲ. ಪುಳಿಯೋಗರೆ ಎಂದು ಅವಳು ಹೇಳುತ್ತಾಳೆ.

ಕೊನೆಯದು ನೂಡಲ್ ಸೂಪಿನ ಅಂಗಡಿ. ಬುದ್ಧನ ಚಿತ್ರ, ಅದರ ಮುಂದೆ ಕಿತ್ತಳೆ ಹಣ್ಣು, ಉದ್ದ ಮೇಜು. ಬಟ್ಟಲುಗಳು ಬಂದವು. ಯಾರೂ ಮುಟ್ಟಲಿಲ್ಲ. ಮಾಮಾ ಕೈಗಡಿಯಾರ ನೋಡಿಕೊಂಡರು. ಆಗ ಗೆಳೆಯ ಎದ್ದು ನಿಂತು ಒಂದು ಕಥೆ ಹೇಳಿದ.

ರಿಚರ್ಡ್‌ಸನ್‌ನಲ್ಲಿ ಒಂದು ಚಳಿಗಾಲ ಮಂಜು ಬಿದ್ದು ಟ್ರೇನು ನಿಂತುಹೋಯಿತಂತೆ. ನಾವಿಬ್ಬರೂ ಕ್ಯಾಂಪಸ್ಸಿನಿಂದ ಮನೆಗೆ ನಡೆದು ಬರುತ್ತಿದ್ದೆವಂತೆ. ದಾರಿಯಲ್ಲಿ ಒಬ್ಬ ವಿಯೆಟ್ನಾಮೀಸ್ ಮುದುಕಿ ಮುಚ್ಚಿದ್ದ ಅಂಗಡಿಯ ಬಾಗಿಲು ತೆರೆದು, ಮಾಂಸ ತಿನ್ನುವುದಿಲ್ಲ ಎಂದು ನಾವು ಕೈಸನ್ನೆ ಮಾಡಿದಾಗ ನಕ್ಕು, ತನಗಾಗಿ ಮಾಡಿಕೊಂಡಿದ್ದ ಇಂಥದೇ ಸೂಪನ್ನು ನಮ್ಮಿಬ್ಬರಿಗೂ ಹಂಚಿದಳಂತೆ. ಅವತ್ತಿನಿಂದ ಈ ಊಟದ ಋಣ ತನ್ನ ಮೇಲಿದೆ ಎಂದ.

ನನಗೆ ಮಂಜು ನೆನಪಿದೆ. ನಡೆದದ್ದು ನೆನಪಿದೆ. ಮುದುಕಿ ನೆನಪಿಲ್ಲ. ಮನೆಗೆ ಬಂದು, ಕರೆಂಟಿಲ್ಲದೆ, ನೂಡಲ್ ಪ್ಯಾಕೆಟ್ಟನ್ನು ಒಡೆದು ಹಸಿಯಾಗಿಯೇ ಕಡಿದು ತಿಂದದ್ದು ನೆನಪಿದೆ. ಆದರೆ ಅದು ಅದೇ ದಿನವೋ, ಜೊತೆಗಿದ್ದವನು ಇವನೋ ಅಥವಾ ಇವನಿಗಿಂತ ಮೊದಲಿದ್ದ ರೂಮ್‌ಮೇಟೋ, ಹೇಳಲಾರೆ.

ಮಾಮಾ ಗೆಳೆಯನ ಕಡೆ ನೋಡಲೇ ಇಲ್ಲ. ನನ್ನ ಕಡೆ ತಿರುಗಿದರು.

“ಇದು ಖರೇ ಏನ್ರಿ? ನಮ್ಮ ಧಂದೆದಾಗ ಪುರಾವೆ ಇಲ್ಲಂದ್ರ ಏನೂ ಇಲ್ಲ. ನೀವು ದೇವರನ್ನೂ ನಂಬೂದಿಲ್ಲಂತ ಇಂವ ಹೇಳ್ಯಾನ. ನೀವ ಹೇಳ್ರಿ.”

ಗೆಳೆಯ ನನಗೆ ಸನ್ನೆ ಮಾಡಲಿಲ್ಲ. ಮೇಜಿನ ಮೇಲಿನ ಪುದೀನದ ತಟ್ಟೆಯನ್ನು ನೋಡುತ್ತ ನಿಂತಿದ್ದ. ನೆನಪಿಲ್ಲ ಎಂದರೆ ಅವನು ಮಹಡಿಯ ಕೋಣೆಗೆ ಹೋಗುತ್ತಾನೆ, ಅಷ್ಟೇ ವಿಷಯ.

“ಹೌದು. ಆಯಮ್ಮ ನಮ್ ಶೂ ಬಿಚ್ಚಿಸಿ ಹೀಟರ್ ಹತ್ರ ಒಣಗಕ್ಕೆ ಇಟ್ರು” ಎಂದೆ.

ಆ ಶೂಗಳು ಎಲ್ಲಿಂದ ಬಂದವು ಎಂದು ನನಗೆ ಇವತ್ತಿಗೂ ಗೊತ್ತಿಲ್ಲ. ಬಾಯಿಂದ ಬಿದ್ದ ಮರುಗಳಿಗೆ ಅವು ಕಣ್ಣ ಮುಂದಿದ್ದವು. ನನ್ನವು ಕಂದು ಬಣ್ಣದವು, ಒಂದರ ಲೇಸು ಕಿತ್ತಿತ್ತು, ಮೇಲೆ ಸಣ್ಣಗೆ ಆವಿ ಏಳುತ್ತಿತ್ತು.

ಆಂಟಿ ಕಣ್ಣೊರೆಸಿಕೊಂಡು ಬಟ್ಟಲನ್ನು ಹತ್ತಿರ ಎಳೆದುಕೊಂಡರು. ಅವರನ್ನು ನೋಡಿ ಉಳಿದವರೂ ಎಳೆದುಕೊಂಡರು. ಸುರ್ ಸುರ್ ಎಂದು ಶುರುವಾಯಿತು. ಪುಳಿಯೋಗರೆ ತುಂಬಿದ ಹೊಟ್ಟೆಗಳಲ್ಲಿ ಕರುಣೆಗೆ ಅಷ್ಟು ಜಾಗ ಉಳಿದಿತ್ತು. ಆ ತನಕ ಅಡುಗೆಯಿಂದ ಆಗದಿದ್ದದ್ದು ಒಬ್ಬಳು ಮುದುಕಿಯಿಂದ ಆಯಿತು. ಆಕೆ ಇದ್ದಳೋ ಇಲ್ಲವೋ, ಯಾರೂ ನಾಲಿಗೆಯಿಂದ ತಿನ್ನುತ್ತಿರಲಿಲ್ಲ, ಕಿವಿಯಿಂದ ತಿನ್ನುತ್ತಿದ್ದರು. ಹೊರಗೆ ಬಂದ ಮೇಲೆ ಮಾಮಾ ಪೆನ್ನನ್ನು ಜೇಬಿನಲ್ಲಿ ಸರಿಪಡಿಸಿಕೊಳ್ಳುತ್ತ, “ಛಲೋ ಐತಿ” ಎಂದರು. ಗೆಳೆಯ ನನ್ನ ಕೈಯನ್ನು ಹಿಡಿದವನು ಬಹಳ ಹೊತ್ತು ಬಿಡಲಿಲ್ಲ.

ವಾಪಸ್ ಬರುವಾಗ ಹೆಂಡತಿ, “ಆ ಶೂ ವಿಷಯ ನಂಗ್ಯಾವತ್ತೂ ಹೇಳೇ ಇಲ್ವಲ್ಲ ನೀವು” ಎಂದಳು. ಮರೆತುಹೋಗಿತ್ತು ಎಂದೆ. ಅವಳು ಕಿಟಕಿಯ ಕಡೆ ತಿರುಗಿ, ಮರೆತಿದ್ದು ಅಷ್ಟು ಬಿಸಿಬಿಸಿಯಾಗಿ ಬರುತ್ತಾ ಎಂದು ಕೇಳಿ ನಿದ್ದೆ ಹೋದಳು.

ಕೆಲವು ವಾರ ಕಳೆದು ಗೆಳೆಯನ ಫೋನು ಬಂತು. ಮಾಮಾನಿಗೆ ನಡಿಗೆ ಹಿಡಿಸಿತ್ತು. ಎಷ್ಟು ಹಿಡಿಸಿತ್ತೆಂದರೆ ಅದಕ್ಕೊಂದು ಕಂಪನಿ ಮಾಡಿದ್ದರು. ಬಾಡಿಗೆ, ಗಿರಾಕಿ ಕಡಿಮೆಯ ದಿನ ಎಂದು ಅವರು ಕೇಳುತ್ತಿದ್ದದ್ದು ಒರಟುತನವಲ್ಲ, ಲೆಕ್ಕಾಚಾರ ಎಂದು ನನಗೆ ಆಗ ಹೊಳೆಯಿತು. ಮೊದಲು ಡಲ್ಲಾಸ್ ಕಡೆ, ಆಮೇಲೆ ಆಸ್ಟಿನ್. ನಮ್ಮವರು ಎಲ್ಲೆಲ್ಲಿ ಮನೆ ಕೊಂಡಿದ್ದಾರೋ ಅಲ್ಲೆಲ್ಲ ನಡಿಗೆ. ಒಡೆಯ ಮಾಮಾ, ಮ್ಯಾನೇಜರ್ ಇವನು. ಮೇಜು ತೆರಿಗೆ ಆಫೀಸಿನ ಹಿಂದಿನ ಕೋಣೆಯಲ್ಲಿ, ವಾಸ ಅಕ್ಕನ ಮನೆಯ ಅದೇ ಮಹಡಿಯಲ್ಲಿ. ಹೆಸರು ಬರೆದ ಹಳದಿ ಟೀಶರ್ಟೂ ಹೊಲಿಸಿ ಆಗಿತ್ತು. ಚೆನ್ನಾಗಿದ್ದರೆ ಬಿಟ್ಟುಬಿಡಬೇಕು ಎಂದು ಪಡೆದಿದ್ದ ಮಾತನ್ನು, ಚೆನ್ನಾಗಿದ್ದರೆ ಕೈ ಬಿಡುವುದು ಹೇಗೆ ಎಂದು ಅಕ್ಕ ಪ್ರೀತಿಯಿಂದಲೇ ತಿರುಗಿಸಿದ್ದಳು. ಅವಳ ಮುಂದೆ ಒಲ್ಲೆ ಎನ್ನಲು ಇವನಿಗೆ ಆಗಿರಲಿಲ್ಲ.

“ಇನ್ನೊಂದು ಐತಿ. ಆ ಮುದುಕಿ ಕಥಿ ವೆಬ್‌ಸೈಟಿಗೆ ಹಾಕ್ತಾರಂತ. ನಮ್ಮಿಬ್ಬರ ಹೆಸರು ಹಾಕಿ” ಎಂದ.

ನಾನು ಫೋನನ್ನು ಇನ್ನೊಂದು ಕಿವಿಗೆ ಬದಲಿಸಿದೆ.

“ಲೇ, ಖರೆ ಹೇಳಪಾ. ಆ ಮುದುಕಿ ಇದ್ಲೇನು?”

“ನೀನೇ ಅಲ್ವೇನೋ ಹೇಳಿದ್ದು?”

ತಾನು ಹೇಳಿದ್ದು ನಿಜವೇ, ಆದರೆ ಕಂಡದ್ದೋ ಕೇಳಿದ್ದೋ ಎಂದು ಮೊದಲಿನಿಂದಲೂ ಸಂಶಯವಿತ್ತು, ನೀನು ಶೂ ಅಂದ ಮೇಲೆ ಸಂಶಯ ಹೋಯಿತು, ಈಗ ಮತ್ತೆ ಬಂದಿದೆ ಎಂದ. ಆಮೇಲೆ ದನಿ ತಗ್ಗಿಸಿ ಹೇಳಿದ:

“ಆ ಕಥಿ ಸುಳ್ಳಂತ ನೀ ಒಂದ್ ಮಾತ್ ಮಾಮಾಗ ಹೇಳಿದ್ರ ಸಾಕು. ಇಂಥಾದ್ರಾಗ ಅವರು ಭಾಳ ಕಟ್ಟುನಿಟ್ಟು. ತಾವ ಕೈ ಬಿಡ್ತಾರ. ನಾ ಹೆಂಗರ ಬದುಕ್ತೇನಿ.”

ಎಲ್ಲವನ್ನೂ ಅನುಮಾನಿಸುವುದೊಂದೇ ನನಗೆ ಬರುವ ವಿದ್ಯೆ. ಅದನ್ನು ಇಷ್ಟು ದಿನ ಯಾರೂ ಕೇಳದೆಯೇ ಎಲ್ಲರಿಗೂ ಹಂಚಿಕೊಂಡು ಬಂದಿದ್ದೆ. ಬೇಕು ಎಂದು ಬಂದು ಕೇಳಿದವನು ಇವನೊಬ್ಬನೇ. ನಾನು ಕಣ್ಣು ಮುಚ್ಚಿ ಆ ಸಂಜೆಯನ್ನು ಮತ್ತೆ ಹುಡುಕಿದೆ. ಕರೆಂಟಿಲ್ಲದ ಮನೆ ಸಿಗಲಿಲ್ಲ, ಹಸಿ ನೂಡಲ್ ಸಿಗಲಿಲ್ಲ. ಹೀಟರು ಸಿಕ್ಕಿತು, ಅದರ ಪಕ್ಕ ಕೂತು ಪುದೀನ ಬಿಡಿಸುತ್ತಿದ್ದ ಒಂದು ಕೈ ಸಿಕ್ಕಿತು, ಬೆರಳಿನಲ್ಲಿ ಹಸಿರು ಉಂಗುರ.

“ಇದ್ರು ಕಣೋ” ಎಂದೆ.

ಅವನು ಹೂಂ ಎಂದ. ಮುಂದಿನ ವಾರ ಫ್ಲವರ್ ಮೌಂಡ್‌ಗೆ ಶಿಫ್ಟ್ ಆದ.