ತಂದೆಗೂ ನೋವಾಯಿತೆಂದ ಉಪದೇಶಿಗಳು

ಈ ಸಲ ಈಸ್ಟರಿಗೆ ಕೇಕ್ ಮಾಡಲೆಂದು ಒಣದ್ರಾಕ್ಷಿ ಕುದಿಯಲಿಟ್ಟು ಮರೆತುಬಿಟ್ಟಿದ್ದೆ. ನೀರೆಲ್ಲ ಇಂಗಿ ತಳ ಹಿಡಿಯುವ ಹೊತ್ತಿಗೆ ಮನೆ ತುಂಬ ಹುಳಿ ಬೆರೆತ ಒಂದು ಸಿಹಿ ವಾಸನೆ ಎದ್ದಿತು. ಒಲೆ ಆರಿಸಿ ಅಲ್ಲೇ ನಿಂತೆ. ಊಟಿಯಾಚೆ ಕುಂದಾ ಎಂಬ ಊರಿನ ನಮ್ಮ ಪುಟ್ಟ ಚರ್ಚಿನ ಹಿಂದಿನ ಕೋಣೆಯಲ್ಲಿ ತಿಂಗಳಿಗೊಮ್ಮೆ ಏಳುತ್ತಿದ್ದ ವಾಸನೆ ಅದು. ಕರ್ತನ ಭೋಜನಕ್ಕೆ ಬೇಕಾದ ದ್ರಾಕ್ಷಾರಸವನ್ನು ನಮ್ಮ ಉಪದೇಶಿಗಳು ಹೀಗೇ ಒಣದ್ರಾಕ್ಷಿ ಕುದಿಸಿ ಮಾಡುತ್ತಿದ್ದರು.

ಉಪದೇಶಿ ಎಂದರೆ ಪಾದ್ರಿಯಲ್ಲ. ಪಾದ್ರಿಗಳು ಊಟಿಯಿಂದ ಆಗಾಗ ಬರುತ್ತಿದ್ದರು. ಉಳಿದಂತೆ ಗಂಟೆ ಹೊಡೆಯುವುದು, ಪ್ರಾರ್ಥನೆ ನಡೆಸುವುದು, ಕಾಯಿಲೆ ಬಿದ್ದವರನ್ನು ನೋಡಿ ಬರುವುದು ಎಲ್ಲ ಇವರ ಪಾಲಿಗೆ. ಪವರ್‌ಹೌಸ್ ಕಾಲೊನಿಯಲ್ಲಿ ತಮಿಳಿನವರೇ ಹೆಚ್ಚು, ಭಾನುವಾರದ ಆರಾಧನೆಯೂ ತಮಿಳಿನಲ್ಲೇ. ಚಾಮರಾಜನಗರದ ಕಡೆಯಿಂದ ಬಂದ ನಮ್ಮಂಥ ನಾಲ್ಕಾರು ಮನೆಗಳಿಗೆ ಬುಧವಾರ ಸಂಜೆ ಇವರು ಕನ್ನಡದಲ್ಲಿ ಪ್ರಾರ್ಥನೆ ಮಾಡುತ್ತಿದ್ದರು. ದೊಡ್ಡ ಜ್ಞಾನಿಯೇನಲ್ಲ. ಹಾಡಿದರೆ ರಾಗ ತಪ್ಪುತ್ತಿತ್ತು. ಕಾಫಿ ಕೊಡದ ಮನೆಯಲ್ಲಿ ಪ್ರಾರ್ಥನೆ ಸ್ವಲ್ಪ ಚಿಕ್ಕದಾಗುತ್ತಿತ್ತು.

ತೊಂಬತ್ತರ ದಶಕದ ನಡುವೆ ಒಂದು ಮಧ್ಯಾಹ್ನ ನನ್ನ ತಮ್ಮ ಅಣೆಕಟ್ಟಿನ ಹಿನ್ನೀರಿನಲ್ಲಿ ಮುಳುಗಿ ತೀರಿಕೊಂಡ. ಅವನಿಗೆ ಒಂಬತ್ತು ವರ್ಷ. ನಾನಾಗ ಕಾಲೇಜು ಮುಗಿಸಿ ಮನೆಯಲ್ಲಿದ್ದೆ. ಪವರ್‌ಹೌಸಿನಲ್ಲಿ ಕೆಲಸಕ್ಕಿದ್ದ ಅಪ್ಪ ರಜೆಯ ದಿನ ಸೌದೆ ತರಲು ಹೋಗುವಾಗ ಅವನನ್ನೂ ಕರೆದುಕೊಂಡು ಹೋಗಿದ್ದರು. ದಂಡೆಯ ಕೆಸರಿನಲ್ಲಿ ಹುಡುಗನ ಕಾಲು ಜಾರಿತು. ಅಪ್ಪನಿಗೆ ಈಜು ಬರುತ್ತಿರಲಿಲ್ಲ. ಕೊಂಬೆ ಚಾಚಿದರಂತೆ, ದಂಡೆಯುದ್ದಕ್ಕೂ ಕೂಗುತ್ತ ಓಡಿದರಂತೆ... ಮುಳುಗಿದ ಮೇಲೂ ಪುಟ್ಟ ಕೈಯೊಂದು ಮತ್ತೆ ಮೇಲೆ ಬಂದಿತ್ತಂತೆ. ಇದನ್ನೆಲ್ಲ ಅಪ್ಪನೇ ಅವ್ವನಿಗೆ ಹೇಳಿದರು. ಹೇಳಬಾರದಿತ್ತು.

“ನೀವು ನಿಂತು ನೋಡಿದ್ರಾ?” ಎಂದು ಕೇಳಿದ ಅವ್ವ ಆಮೇಲೆ ಅವರೊಡನೆ ಮಾತೇ ಆಡಲಿಲ್ಲ. ಮಣ್ಣು ಮಾಡುವಾಗಲೂ ಅವರ ಪಕ್ಕ ನಿಲ್ಲಲಿಲ್ಲ.

ಬುಧವಾರ ಉಪದೇಶಿಗಳು ಬಂದರು. ಬೈಬಲಿನ ಕೀರ್ತನೆಯೊಂದನ್ನು ಓದಲು ಶುರು ಮಾಡುತ್ತಿದ್ದಂತೆ ಅವ್ವ ತಡೆದಳು.

“ಅಯ್ಯ, ಯೇಸುಸ್ವಾಮಿನ ಮೊಳೆ ಹೊಡ್ದು ಸಾಯ್ಸುವಾಗ ಅವರ ತಂದೆ ಏನ್ ಮಾಡ್ತಿದ್ರು? ಮೇಲೆ ಕುಂತು ನೋಡ್ತಿದ್ರಾ, ಇವರಂಗೆ?”

ಬಾಗಿಲ ಬಳಿ ಕೂತಿದ್ದ ಅಪ್ಪ ತಲೆ ತಗ್ಗಿಸಿದರು. ಉಪದೇಶಿಗಳು ಪುಸ್ತಕ ಮುಚ್ಚಿದರು.

“ಇಲ್ಲ ಕಣ್ ತಾಯಿ. ಹೆತ್ತ ಕರುಳು ನೋಡ್ತಾ ನಿಲ್ಲುತ್ತಾ? ತಂದೆನೂ ಆ ಶಿಲುಬೆ ಮರದ ಮೇಲೇ ಇದ್ದ. ಮೊಳೆ ಅವನಿಗೂ ಹೊಡೆದ್ರು. ಮಗನ ಜೊತೆ ಅವನೂ ಸತ್ತ.”

ಮಗ ಹೋದ ಮೇಲೆ ಅಪ್ಪ ದನಿ ತೆಗೆದು ಅತ್ತದ್ದು ಅವತ್ತೇ. ಅವ್ವ ಅವರನ್ನೇ ನೋಡುತ್ತ ಕೂತಿದ್ದಳು. ಅಳು ನಿಂತ ಮೇಲೆ, “ಏಳಿ, ಊಟ ಮಾಡಿ,” ಅಂದಳು.

ಮುಂದಿನ ಕೆಲವು ವಾರ ನಮ್ಮ ಮನೆಯಲ್ಲಿ ಮತ್ತೆ ಮಾತಿತ್ತು. ತನಗೆ ಸಿಕ್ಕ ಸಮಾಧಾನವನ್ನು ಅವ್ವ ಹೆಂಗಸರ ಕೂಟದಲ್ಲಿ ಎಲ್ಲರಿಗೂ ಹೇಳಿಕೊಂಡಳು. ಅದು ಪಾದ್ರಿಗಳ ಕಿವಿಗೆ ಬಿತ್ತು.

ಅವರು ಕೆಟ್ಟವರಲ್ಲ. ಆಗಷ್ಟೇ ಓದು ಮುಗಿಸಿ ಬಂದಿದ್ದ ತರುಣ. ತಮ್ಮನ ಮಣ್ಣಿನ ದಿನ ಅತ್ತವರು. ಮನೆಗೇ ಬಂದು ತಾಳ್ಮೆಯಿಂದ ತಮಿಳಿನಲ್ಲಿ ವಿವರಿಸಿದರು. ಕ್ರೈಸ್ತ ಸಭೆ ಇನ್ನೂ ಎಳೆಯದಾಗಿದ್ದ ಕಾಲದಲ್ಲೇ ಕೆಲವರು ಹೀಗೆ ಕಲಿಸಿದ್ದರಂತೆ. ಪಿತ, ಪುತ್ರ, ಪವಿತ್ರಾತ್ಮ ಎಂದರೆ ಒಬ್ಬನೇ ದೇವರು ಹಾಕಿದ ಮೂರು ವೇಷ, ಹಾಗಾಗಿ ಶಿಲುಬೆಯಲ್ಲಿ ನೊಂದದ್ದು ತಂದೆಯೇ ಎಂದು. ಅಂದಿನ ಹಿರಿಯರು ವಾದಿಸಿ, ಜಗಳವಾಡಿ, ಅಂಥವರನ್ನು ಸಭೆಯಿಂದ ಹೊರಗೆ ಹಾಕಿದರು. ದೇವರು ಒಬ್ಬರೇ, ಆದರೆ ತಂದೆ ಮಗನಲ್ಲ, ಮಗ ತಂದೆಯಲ್ಲ. ಸತ್ತದ್ದು ಮಗ. ತಂದೆಗೆ ನೋವು ತಟ್ಟುವುದಿಲ್ಲ.

“ತಂದೆಯೂ ಸತ್ತಿದ್ದರೆ ಮಗನನ್ನು ಎಬ್ಬಿಸಿದ್ದು ಯಾರಮ್ಮ? ನಾಳೆ ನಿಮ್ಮ ಹುಡುಗನನ್ನು ಎಬ್ಬಿಸುವವರು ಯಾರು?” ಎಂದು ಕೇಳಿದರು.

ಉಪದೇಶಿಗಳು ತಮ್ಮ ಮಾತು ತಪ್ಪೆಂದು ಸಭೆಯ ಮುಂದೆ ಓದಬೇಕು ಎಂದು ತೀರ್ಮಾನವಾಯಿತು. ನಮಗೆ ಸರಿಯಾಗಿ ಅರ್ಥವಾಗಲಿ ಎಂದು, ಕನ್ನಡದಲ್ಲಿ. ಒಪ್ಪದಿದ್ದರೆ ಅವರು ವಾಸವಿದ್ದ ಚರ್ಚಿನ ಹಿಂದಿನ ಕೋಣೆ ಬಿಡಬೇಕು. ಆ ಕೋಣೆಯಲ್ಲಿ ಲಕ್ವ ಹೊಡೆದ ಅವರ ಹೆಂಡತಿ ಮಲಗಿದ್ದರು.

ಭಾನುವಾರ ಅವರು ಕಾಗದ ಹಿಡಿದು ನಿಂತು ಓದಿದರು. “ತಂದೆಯಾದ ದೇವರು ಶಿಲುಬೆಯ ಮೇಲೆ ಇರಲಿಲ್ಲ. ಅವರು ಬಾಧೆಪಡಲಿಲ್ಲ. ದುಃಖದಲ್ಲಿದ್ದ ಮನೆಯವರಿಗೆ ನಾನು ತಪ್ಪಾಗಿ ಕಲಿಸಿದೆನು...”

ಹೆಂಗಸರ ಸಾಲಿನಿಂದ ಅವ್ವ ಎದ್ದು ನಿಂತಳು.

“ಹಂಗಾದ್ರೆ ಎಲ್ಲಿದ್ರು ಅಯ್ಯ?”

ಉಪದೇಶಿಗಳು ಪಾದ್ರಿಗಳ ಕಡೆ ನೋಡಿದರು. ಹೇಳಿ ಎಂಬಂತೆ ಅವರು ತಲೆಯಾಡಿಸಿದರು.

“ಪರಲೋಕದಲ್ಲಿ, ತಾಯಿ.”

“ನೋಡ್ತಾ ಇದ್ರಾ?”

“...ಹೂಂ.”

ಅವ್ವ ತಿರುಗಿ ಗಂಡಸರ ಸಾಲಿನಲ್ಲಿದ್ದ ಅಪ್ಪನನ್ನು ನೋಡಿದಳು. ಅವಳ ಜೊತೆಗೆ ಚರ್ಚೆಲ್ಲ ಅಪ್ಪನನ್ನೇ ನೋಡಿತು. ಆಮೇಲೆ ಅವಳು ಸೆರಗು ಹೊದ್ದು ಹೊರಗೆ ನಡೆದಳು.

ಅವತ್ತಿನಿಂದ ಅಪ್ಪ ಸಾಯುವವರೆಗೆ, ಹತ್ತು ವರ್ಷಕ್ಕೂ ಹೆಚ್ಚು ಕಾಲ, ಅವ್ವ ಅವರೊಡನೆ ಒಂದು ಮಾತೂ ಆಡಲಿಲ್ಲ. ಹೊತ್ತಿಗೆ ಸರಿಯಾಗಿ ಬಡಿಸುತ್ತಿದ್ದಳು, ಬಟ್ಟೆ ಒಗೆಯುತ್ತಿದ್ದಳು. ಏನಿದ್ದರೂ “ನಿಮ್ಮಪ್ಪನಿಗೆ ಹೇಳು” ಎಂದು ನನ್ನ ಮೂಲಕ. ನಾನು ಮದುವೆಯಾಗಿ ಊಟಿ ಹತ್ತಿರದ ಕೆತ್ತಿಗೆ ಬಂದ ಮೇಲೆ ಆ ಮನೆಯಲ್ಲಿ ಅದೂ ಇಲ್ಲವಾಯಿತು.

ಓದಿ ಒಪ್ಪಿಕೊಂಡರೂ ಉಪದೇಶಿಗಳಿಗೆ ಆ ಕೋಣೆ ಉಳಿಯಲಿಲ್ಲ. ಅದೇ ವರ್ಷ ಅವರನ್ನು ಗೂಡಲೂರಿನಾಚೆ ದೇವಾಲದ ಕಡೆಯ ಟೀ ಎಸ್ಟೇಟಿನ ಕೂಲಿಗಳ ಲೈನುಮನೆಗಳಿಗೆ ಕಳಿಸಿದರು. ಹೆಂಡತಿ ಅಲ್ಲೇ ತೀರಿಕೊಂಡರೆಂದು ಕೇಳಿದೆವು.

ಅಪ್ಪ ತೀರಿಕೊಂಡಾಗ ಉಪದೇಶಿಗಳು ಗೂಡಲೂರಿನಲ್ಲಿ ಬಸ್ಸು ಬದಲಿಸಿ ಬಂದರು. ಕೋಲು ಹಿಡಿದಿದ್ದರು, ಕುತ್ತಿಗೆ ಬತ್ತಿತ್ತು. ಮಣ್ಣು ಮಾಡಿ ಬಂದ ಮೇಲೆ ಅವ್ವ ಅವರೆದುರು ಕೂತಳು.

“ಅಯ್ಯ, ಅವತ್ತು ಮೊದಲು ಹೇಳಿದ್ರಲ್ಲ, ಅದನ್ನ ಇನ್ನೊಂದ್ ಸಲ ಹೇಳಿ.”

“ಯಾವುದು ತಾಯಿ?”

“ನನ್ ಮಗ ನೀರಲ್ಲಿ ಹೋದಾಗ ಹೇಳಿದ್ದು.”

ಅವರು ನನ್ನ ಮುಖ ನೋಡಿದರು, ಮತ್ತೆ ಅವ್ವನನ್ನು. “ವಯಸ್ಸಾಯ್ತು ನೋಡಿ... ಎಷ್ಟ್ ಮನೆಗೆ ಹೋಗಿದೀನೋ. ನಿಮಗೆ ಮಗ ಇದ್ನಾ?”

ನಾಟಕವಾಗಿರಲಿಲ್ಲ. ನಮ್ಮ ಮನೆಯನ್ನು ಕಟ್ಟಿ ಕೆಡವಿದ ಆ ಎರಡೂ ಮಾತು ಅವರೊಳಗೆ ಉಳಿದೇ ಇರಲಿಲ್ಲ. ಅವ್ವ ಎದ್ದು ಒಳಗೆ ಹೋದಳು. ಅವರು ನಾನು ಕೊಟ್ಟ ಕಾಫಿ ಕುಡಿದು, ಅಪ್ಪನಿಗಾಗಿ ಚೊಕ್ಕವಾಗಿ ಪ್ರಾರ್ಥಿಸಿ, ಬಸ್ಸಿಗೆ ಹೊರಟರು. ಮರುವರ್ಷ ಮಳೆಗಾಲದಲ್ಲಿ ತೀರಿಕೊಂಡರಂತೆ. ಸುದ್ದಿ ನಮಗೆ ತಲುಪುವಷ್ಟರಲ್ಲಿ ಕ್ರಿಸ್ಮಸ್ ಕಳೆದಿತ್ತು.

ಅವ್ವ ಈಗ ನನ್ನ ಜೊತೆಗಿದ್ದಾಳೆ. ಕಿವಿ ಮಂದ. ಈ ಶುಭ ಶುಕ್ರವಾರ ನಮ್ಮ ಚರ್ಚಿಗೆ ಬೆಂಗಳೂರಿನಿಂದ ದೊಡ್ಡ ಬೋಧಕರೊಬ್ಬರು ಬಂದಿದ್ದರು. ಹಳೆಯ ಕಾಲದ ಹಿರಿಯರು ದೇವರಿಗೆ ನೋವಿಲ್ಲ ಅನ್ನುತ್ತಿದ್ದರು, ಆದರೆ ಮಗನನ್ನು ಕಳೆದುಕೊಂಡ ದಿನ ತಂದೆಯ ಎದೆಯೂ ಒಡೆಯಿತು, ನೋಯಲಾರದ ದೇವರು ಪ್ರೀತಿಸಲಾರ ಎಂದರು. ಉಪದೇಶಿಗಳ ಹಾಗೆ ತಂದೆಯೂ ಸತ್ತ ಅನ್ನಲಿಲ್ಲ, ನಿಜ. ಅಂದು ಯಾರಾದರೂ ಇಷ್ಟು ಹೇಳಿದ್ದರೂ ಅವ್ವನಿಗೆ ಸಾಕಾಗುತ್ತಿತ್ತು. ಸಭೆ ಆಮೆನ್ ಎಂದಿತು.

“ಏನಂದ್ರು?” ಎಂದು ಅವ್ವ ನನ್ನ ತೋಳು ಜಗ್ಗಿದಳು.

“ತಂದೆಗೂ ನೋವಾಯ್ತಂತೆ ಅವ್ವ,” ಎಂದು ಕಿವಿಯಲ್ಲಿ ಹೇಳಿದೆ.

“ನಿಮ್ಮಪ್ಪ ಇದ್ದಾಗ ಹೇಳ್ಬೇಕಿತ್ತು,” ಅಂದಳು. ಕಿವಿ ಕೇಳದವರ ದನಿ, ಚರ್ಚಿಗೆಲ್ಲ ಕೇಳಿಸಿತು. ಬೋಧಕರು ಮುಗುಳ್ನಕ್ಕು ಬೋಧನೆ ಮುಂದುವರಿಸಿದರು.