ಮುಟ್ಟಿ ನೋಡುವ ಓನರಮ್ಮ

ಮಕ್ಕಳೇ, ಚಿಕ್ಕಬಾಣಾವರದಲ್ಲಿ ನಾವು ಬಾಡಿಗೆಗಿದ್ದ ಮನೆಯ ಓನರಮ್ಮ ಯಾವುದನ್ನೂ ಮುಟ್ಟಿ ನೋಡದೆ ಒಪ್ಪಿದವರಲ್ಲ. ರಾಗಿ ಒಣಗಿದೆ ಎಂದರೆ ಒಂದು ಕಾಳನ್ನು ಹಲ್ಲಿಗೆ ಕೊಟ್ಟು ನೋಡುವರು. ಮಗುವಿಗೆ ಜ್ವರ ಬಿಟ್ಟಿದೆ ಎಂದರೆ ಅಂಗಾಲು ಹಿಡಿಯುವರು. "ನಂಬೋದು ಬ್ಯಾರೆ, ಗೊತ್ತಾಗೋದು ಬ್ಯಾರೆ ಕಣವ್ವ" ಎನ್ನುವುದು ಅವರ ಮಾತು.

ಒಂದು ಮಧ್ಯಾಹ್ನ ಸೊಪ್ಪು ಮಾರುವವಳು ಬಂದು, ನಿಮ್ಮ ತಾತ ಕೆಲಸ ಮಾಡುತ್ತಿದ್ದ ಪೀಣ್ಯದ ಕಾರ್ಖಾನೆಯಲ್ಲಿ ಯಾರದೋ ಕೈ ಮಿಷನ್ನಿಗೆ ಸಿಕ್ಕಿತಂತೆ ಎಂದಳು. ಆಗ ನಮ್ಮ ಬೀದಿಯಲ್ಲಿ ಯಾರ ಮನೆಯಲ್ಲೂ ಫೋನಿರಲಿಲ್ಲ. ನಾನು ಹೊಸಿಲ ಮೇಲೆ ಕೂತು ಅಳತೊಡಗಿದೆ.

"ನೋಡ್ದೆ ಯಾಕವ್ವ ಅಳ್ತೀಯ? ಏಳು ಮ್ಯಾಕೆ" ಎಂದು ಓನರಮ್ಮ ನನ್ನನ್ನು ಬಸ್ಸು ಹತ್ತಿಸಿ, ತಾವೂ ಹತ್ತಿದರು.

ಕಾರ್ಖಾನೆ ಗೇಟಿನ ವಾಚ್‌ಮನ್ ನಕ್ಕುಬಿಟ್ಟ. "ಯಾರಿಗೂ ಏನೂ ಆಗಿಲ್ಲಮ್ಮ, ಮನೆಗೆ ಹೋಗಿ." ನಾನು ದೇವರಿಗೆ ಕೈಮುಗಿದು ಹೊರಟೇಬಿಟ್ಟೆ. ಓನರಮ್ಮ ಸೆರಗು ಹಿಡಿದು ನಿಲ್ಲಿಸಿದರು.

"ಅಳಾಕ್ ಮುಂಚೆನೂ ನೋಡ್ಲಿಲ್ಲ, ನಗಾಕ್ ಮುಂಚೆನೂ ನೋಡಲ್ವಾ?"

ಶಿಫ್ಟ್ ಬಿಟ್ಟಿತು. ಜನರ ನಡುವೆ ತಾತ ಟಿಫನ್ ಡಬ್ಬಿ ಹಿಡಿದು ಬಂದರು. ನನಗೆ ಅಷ್ಟೇ ಸಾಕಿತ್ತು. ಓನರಮ್ಮ ಬೆನ್ನಿಗೆ ತಿವಿದರು: "ಮುಟ್ಟು."

ಗಂಡನ ಹೆಸರನ್ನೂ ಬಾಯಿಬಿಟ್ಟು ಹೇಳದವಳು ನಾನು. ಅಂಥವಳು ಆ ಎರಡೂ ಕೈ ಹಿಡಿದು, ತಿರುಗಿಸಿ, ಒಂದೊಂದು ಬೆರಳನ್ನೂ ಸವರಿ ನೋಡಿದೆ.

"ಏನೇ ಇದು, ಎಲ್ರೂ ನೋಡ್ತಿದಾರೆ!" ಎಂದು ತಾತ ಪಿಸುಗುಟ್ಟಿದರು.

"ನೋಡ್ಲಿ ಬುಡಪ್ಪ" ಎಂದರು ಓನರಮ್ಮ. "ಅವರ್ಗೂ ಗೊತ್ತಾಗ್ಲಿ."